ಈ ಹುಳು ಮುಂದೆ ಏನಾಗುತ್ತದೆ?

ನಮ್ಮ ಮಾತಿನಲ್ಲಿ ‘ಹುಳು’ ಎಂಬ ಶಬ್ದಕ್ಕೆ ಸರಹದ್ದೇ ಇಲ್ಲ. ಎರೆಹುಳುವೂ ಹುಳುವೇ, ಬಸವನಹುಳುವೂ ಹುಳುವೇ. ಮಿಂಚುಹುಳು, ರೇಷ್ಮೆಹುಳು, ಅಡಿಕೆಯ ಬೇರುಹುಳು, ಕಾಫಿ ಕಾಂಡದೊಳಗಿನ ಬೋರರ್ ಹುಳು ಎಲ್ಲವೂ ಅದೇ ಹೆಸರಿನಲ್ಲಿ ನಡೆಯುತ್ತವೆ. ಮನೆಮಾತಿಗೆ ಇದರಿಂದ ಏನೂ ಬಾಧಕವಿಲ್ಲ. ಆದರೆ “ಗಿಡಕ್ಕೆ ಹುಳು ಬಿದ್ದಿದೆ, ಯಾವ ಔಷಧಿ ಹೊಡೆಯಲಿ?” ಎಂದು ಸದಸ್ಯರು ಸಂಘದ ಕಚೇರಿಗೆ ಬಂದು ಕೇಳಿದಾಗ ಈ ಒಂದು ಶಬ್ದದಿಂದ ಕೆಲಸ ಸಾಗುವುದಿಲ್ಲ. ಆಗ ನಾವು ಮರುಪ್ರಶ್ನೆ ಹಾಕಲೇಬೇಕಾಗುತ್ತದೆ: ಆ ಹುಳು ಮುಂದೆ ಏನಾಗುತ್ತದೆ? ಪತಂಗವೋ, ದುಂಬಿಯೋ, ಬೇರೆ ಏನಾದರೋ?

ಇದು ಪುಸ್ತಕದ ಪ್ರಶ್ನೆಯಲ್ಲ, ಹಣದ ಪ್ರಶ್ನೆ. ಹುಳುವಿನ ಕುಲ ತಿಳಿಯದೆ ಹೊಡೆದ ಔಷಧಿಯ ದುಡ್ಡು, ಆಳಿನ ಸಂಬಳ ಎರಡೂ ಮಣ್ಣುಪಾಲು. ಅದಕ್ಕಿಂತ ಹೆಚ್ಚಿನ ನಷ್ಟವೆಂದರೆ, ಉಳಿಸಬಹುದಾದ ಗಿಡವನ್ನು ಕಿತ್ತುಹಾಕುವುದು ಮತ್ತು ಕಿತ್ತುಹಾಕಬೇಕಾದ ಗಿಡವನ್ನು ಉಳಿಸಿಕೊಳ್ಳುವುದು. ಆದ್ದರಿಂದ ಕಾಫಿ, ಅಡಿಕೆ ತೋಟಗಳಲ್ಲಿ ಕಾಣುವ ಪತಂಗದ ಮರಿಹುಳುಗಳನ್ನು ಗುರುತಿಸುವ ಬಗೆಯನ್ನು ಈ ಸಂಚಿಕೆಯಲ್ಲಿ ಸದಸ್ಯ ಬಂಧುಗಳ ಮುಂದಿಡುತ್ತಿದ್ದೇವೆ.

ನಾಲ್ಕು ಅವಸ್ಥೆಗಳು

ರೇಷ್ಮೆ ಸಾಕಣೆ ನೋಡಿದವರಿಗೆ ಇದನ್ನು ಹೆಚ್ಚು ವಿವರಿಸಬೇಕಾಗಿಲ್ಲ. ಮೊಟ್ಟೆಯಿಂದ ಸಣ್ಣ ಹುಳು ಹೊರಬರುತ್ತದೆ. ಸೊಪ್ಪು ತಿಂದು ಬೆಳೆಯುತ್ತ ನಾಲ್ಕು ಬಾರಿ ಪೊರೆ ಬಿಡುತ್ತದೆ. ರೇಷ್ಮೆಯವರು ಇದನ್ನೇ ‘ಜ್ವರ’ ಎನ್ನುತ್ತಾರೆ. ಆಮೇಲೆ ಗೂಡು ಕಟ್ಟಿ ಕೋಶವಾಗಿ, ಕೊನೆಗೆ ಪತಂಗವಾಗಿ ಹೊರಬೀಳುತ್ತದೆ. ನಮ್ಮ ತೋಟದ ಪತಂಗಗಳ ಬಾಳೂ ಇದೇ ಕ್ರಮದ್ದು. ಎಲೆ ತಿನ್ನುವುದು, ಕಾಂಡ ಕೊರೆಯುವುದು ಎಲ್ಲವೂ ಹುಳುವಿನ ಕೆಲಸ. ಪತಂಗ ಗಿಡವನ್ನು ಕಡಿಯುವುದಿಲ್ಲ. ಅದರಿಂದ ನಮಗೆ ಆಗುವ ಹಾನಿ ಅದು ಇಟ್ಟುಹೋಗುವ ಮೊಟ್ಟೆಯಿಂದ.

ಪೊರೆ ಬಿಟ್ಟಾಗಲೆಲ್ಲ ಹುಳುವಿನ ಬಣ್ಣ ಬದಲಾಗುವುದುಂಟು. ಎಳೆಯದರಲ್ಲಿ ಒಂದು ಬಣ್ಣ, ಬಲಿತಾಗ ಇನ್ನೊಂದು. ಆದ್ದರಿಂದ ಬಣ್ಣವೊಂದನ್ನೇ ನಂಬಿ ಹೆಸರು ಹೇಳಬಾರದು. ಯಾವ ಗಿಡದ ಮೇಲಿತ್ತು, ಯಾವ ಭಾಗವನ್ನು ತಿನ್ನುತ್ತಿತ್ತು, ಹಿಕ್ಕೆ ಹೇಗಿದೆ, ಕಾಲು ಎಷ್ಟು, ರೋಮ ಇದೆಯೇ ಎಂಬ ಐದನ್ನೂ ಸೇರಿಸಿ ನೋಡಬೇಕು.

ಮೊದಲು ಕಾಲು ಎಣಿಸಿ

ಪತಂಗ ಮತ್ತು ಚಿಟ್ಟೆಯ ಮರಿಹುಳುವಿಗೆ ತಲೆಯ ಹಿಂದೆಯೇ ಮೂರು ಜೊತೆ ಗಟ್ಟಿಯಾದ ಸಣ್ಣ ಕಾಲುಗಳಿರುತ್ತವೆ. ಹೊಟ್ಟೆಯ ಭಾಗದಲ್ಲಿ ಬೇರೆಯಾಗಿ ಮೆತ್ತನೆಯ ಮಾಂಸದ ಕಾಲುಗಳಿರುತ್ತವೆ. ಇವು ಹೆಚ್ಚಿನವುಗಳಲ್ಲಿ ಐದು ಜೊತೆ; ಬೆನ್ನು ಬಾಗಿಸಿ ಗೇಣು ಹಾಕುತ್ತ ನಡೆಯುವ ಕೊಂಡಿಹುಳುಗಳಲ್ಲಿ ಅದಕ್ಕಿಂತ ಕಡಿಮೆ.

ದುಂಬಿಯ ಮರಿಗೆ ಈ ಮಾಂಸದ ಕಾಲುಗಳಿಲ್ಲ. ಅಡಿಕೆಯ ಬೇರುಹುಳುವನ್ನು ಅಗೆದು ನೋಡಿದವರಿಗೆ ಗೊತ್ತು: ಬೆಳ್ಳಗೆ, ಕೊಕ್ಕೆಯಂತೆ ಬಾಗಿ, ಎದೆಯ ಬಳಿ ಮಾತ್ರ ಮೂರು ಜೊತೆ ಕಾಲುಗಳನ್ನು ಹೊಂದಿರುತ್ತದೆ. ಅದು ಮುಂದೆ ದುಂಬಿಯಾಗುತ್ತದೆಯೇ ಹೊರತು ಪತಂಗವಲ್ಲ. ನೊಣದ ಮರಿಗೆ ಕಾಲೂ ಇಲ್ಲ, ಎದ್ದು ಕಾಣುವ ತಲೆಯೂ ಇಲ್ಲ. ಇಷ್ಟು ನೋಡಿದರೆ ಅರ್ಧ ಗೊಂದಲ ಅಲ್ಲಿಗೇ ಮುಗಿಯುತ್ತದೆ.

ಎರಡು ಬೋರರ್, ಎರಡು ದಾರಿ

ಕಾಫಿಯವರಿಗೆ ಅತಿ ಮುಖ್ಯವಾದ ಭೇದ ಇದು. ಬಿಳಿ ಕಾಂಡಕೊರಕ ದುಂಬಿಯ ಮರಿ. ಕೆಂಪು ಕಾಂಡಕೊರಕ ಪತಂಗದ ಮರಿ. ಎರಡೂ ಕಾಂಡದೊಳಗೇ ಇರುವುದರಿಂದ ಹೊರಗೆ ಕಾಣುವುದು ಗಿಡದ ಬಾಟವೊಂದೇ.

ಬಿಳಿ ಬೋರರ್ ಸಾಮಾನ್ಯವಾಗಿ ಅರೇಬಿಕಾ ಗಿಡದ ಮುಖ್ಯ ಕಾಂಡಕ್ಕೆ ಬೀಳುತ್ತದೆ. ಎಲೆ ಹಳದಿಯಾಗಿ ಬಾಡುತ್ತದೆ. ಕಾಂಡದ ಮೇಲೆ ಕೈಯಾಡಿಸಿದರೆ ಉಬ್ಬಿದ ಗೆರೆಗಳು ಸಿಗುತ್ತವೆ. ಹುಳು ಕೊರೆದ ಪುಡಿಯನ್ನು ಹೊರಗೆ ಹಾಕುವುದಿಲ್ಲ, ತಾನು ಬಂದ ದಾರಿಯಲ್ಲೇ ಗಟ್ಟಿಯಾಗಿ ತುಂಬಿಡುತ್ತದೆ. ಸೀಳಿ ನೋಡಿದರೆ ಕೆನೆಬಣ್ಣದ, ತಲೆಯ ಕಡೆ ಅಗಲವಾಗಿ ಬಾಲದ ಕಡೆ ಸಣ್ಣಗಾದ ಹುಳು. ಇದರ ದುಂಬಿ ಕಪ್ಪು ಮೈಯ ಮೇಲೆ ಬಿಳಿ ಗೆರೆಗಳುಳ್ಳದ್ದು. ಏಪ್ರಿಲ್–ಮೇ ತಿಂಗಳಲ್ಲಿ ಒಮ್ಮೆ, ಅಕ್ಟೋಬರ್‌ನಿಂದ ಡಿಸೆಂಬರ್‌ವರೆಗೆ ಇನ್ನೊಮ್ಮೆ ಹಾರುತ್ತದೆ.

ಕೆಂಪು ಬೋರರ್ ಅರೇಬಿಕಾ, ರೊಬಸ್ಟಾ ಎರಡಕ್ಕೂ ಬರುತ್ತದೆ. ರೆಂಬೆಗಳಲ್ಲಿ ಮತ್ತು ಎಳೆಯ ಗಿಡಗಳ ಕಾಂಡದಲ್ಲಿ ಹೆಚ್ಚು. ಇದರ ಗುರುತು ಹಿಕ್ಕೆ. ಹುಳು ಒಂದು ತೂತು ಮಾಡಿಕೊಂಡು ಅದರ ಮೂಲಕ ಸಣ್ಣ ಗುಳಿಗೆಗಳಂತಹ ಹಿಕ್ಕೆಯನ್ನು ಹೊರಗೆ ತಳ್ಳುತ್ತದೆ. ಗಿಡದ ಬುಡದಲ್ಲಿ ಈ ಗುಳಿಗೆ ಕಂಡರೆ ತಲೆಯೆತ್ತಿ ಹುಡುಕಿ; ಮೇಲೆ ಎಲ್ಲೋ ಒಂದು ರೆಂಬೆ ಬಾಡಿರುತ್ತದೆ. ಒಳಗಿರುವುದು ಕೆಂಪು ಛಾಯೆಯ, ಕಪ್ಪು ತಲೆಯ, ಕಾಲುಗಳುಳ್ಳ ಹುಳು. ಕೋಶವೂ ಕಾಂಡದೊಳಗೇ ಆಗುತ್ತದೆ. ಪತಂಗ ಹಾರಿಹೋದ ಮೇಲೆ ಖಾಲಿ ಕೋಶದ ಸಿಪ್ಪೆ ತೂತಿನಿಂದ ಅರ್ಧ ಹೊರಚಾಚಿಕೊಂಡಿರುತ್ತದೆ. ಪತಂಗವಂತೂ ಬಹಳ ಅಂದ: ಬಿಳಿ ರೆಕ್ಕೆಯ ತುಂಬ ನೀಲಿಗಪ್ಪು ಚುಕ್ಕೆಗಳು. ದೀಪಕ್ಕೆ ಬಂದಾಗ ಮಕ್ಕಳು ಹಿಡಿದು ಆಡುತ್ತಾರೆ; ಅದೇ ಬೋರರ್ ಎಂದು ಯಾರೂ ಎಣಿಸುವುದಿಲ್ಲ.

ಈಗ ದಾರಿ ನೋಡಿ. ಬಿಳಿ ಬೋರರ್ ಬಿದ್ದ ಗಿಡವನ್ನು ದುಂಬಿ ಹೊರಡುವ ಮೊದಲೇ ಕಿತ್ತು ಸುಡಬೇಕು; ಬಿಟ್ಟರೆ ಅಕ್ಕಪಕ್ಕದ ಗಿಡಗಳಿಗೆ ಕುತ್ತು. ಕೆಂಪು ಬೋರರ್ ಬಿದ್ದದ್ದಾದರೆ ತೂತಿನಿಂದ ಕೆಳಗೆ, ಕೊರೆತ ಕಾಣದಷ್ಟು ದೂರಕ್ಕೆ ರೆಂಬೆ ಕತ್ತರಿಸಿ ಸುಟ್ಟರೆ ಸಾಕು, ಗಿಡ ಉಳಿಯುತ್ತದೆ. ಗಿಡ ನೆಟ್ಟು ಫಸಲು ಕಾಣಲು ಮೂರು ನಾಲ್ಕು ವರ್ಷ ಕಾಯಬೇಕಾದ ನಮಗೆ ಈ ಭೇದದ ಬೆಲೆ ಬೇರೆ ಹೇಳಬೇಕಾಗಿಲ್ಲ. ಟ್ರೇಸಿಂಗಿಗೆ ಆಳು ಬಿಡುವ ಮುನ್ನ ಎರಡು ಬಗೆಯ ಕೊರೆತದ ತುಂಡುಗಳನ್ನೂ ಸೀಳಿ ಅವರ ಕೈಗೆ ಕೊಟ್ಟು ತೋರಿಸುವುದು ಒಳ್ಳೆಯದು.

ಅಡಿಕೆಯ ಹಿಂಗಾರದಲ್ಲಿ

ಅಡಿಕೆ ಮರದಲ್ಲಿ ಹೊಂಬಾಳೆ ಸಕಾಲಕ್ಕೆ ಒಡೆಯದೆ, ಮೇಲೆ ಸಣ್ಣ ತೂತು, ಹಿಕ್ಕೆ ಕಂಡುಬಂದರೆ ಹಿಂಗಾರ ತಿನ್ನುವ ಹುಳುವಿನ ಸಂಶಯ ಪಡಬೇಕು. ಬಿಡಿಸಿ ನೋಡಿದರೆ ಒಳಗಿನ ಹೂವಿನ ಎಳೆಗಳನ್ನೆಲ್ಲ ನೂಲಿನಿಂದ ಸೇರಿಸಿ ನೇಯ್ದು, ಅದರೊಳಗೆ ಕುಳಿತು ತಿನ್ನುತ್ತಿರುತ್ತದೆ. ಇದು ಮಂದ ಬಣ್ಣದ ಒಂದು ಸಣ್ಣ ಪತಂಗದ ಮರಿ.

ಇಲ್ಲಿ ಗಮನಿಸಬೇಕಾದ ಸಂಗತಿಯೊಂದಿದೆ. ಬಿಗಿಯಾಗಿ ಮುಚ್ಚಿದ ಹೊಂಬಾಳೆಯೊಳಗೆ ಮೊಟ್ಟೆಯಿಡಲು ಪತಂಗಕ್ಕೆ ದಾರಿ ಮಾಡಿಕೊಡುವುದು ಚಿಪ್ಪಿಲ್ಲದ ಬಸವನಹುಳು. ಅದು ಕೆರೆದ ತೂತೇ ಪತಂಗದ ಬಾಗಿಲು. ಆದ್ದರಿಂದ ಕೊನೆಗಾರರು ಮರ ಹತ್ತಿದಾಗ ಬಸವನಹುಳುಗಳನ್ನು ಆರಿಸಿ ನಾಶಮಾಡುವುದು, ಹುಳು ಬಿದ್ದ ಹಿಂಗಾರವನ್ನು ತೆಗೆದು ಸುಡುವುದು, ಈ ಎರಡೂ ಒಟ್ಟಿಗೆ ನಡೆದರೆ ಫಲ ಸಿಗುತ್ತದೆ. ಒಂದನ್ನು ಮಾಡಿ ಇನ್ನೊಂದನ್ನು ಬಿಟ್ಟರೆ ಬಾಗಿಲು ತೆರೆದೇ ಇರುತ್ತದೆ.

ರೋಮದ ಹುಳು, ಮುಳ್ಳಿನ ಹುಳು

ಏಲಕ್ಕಿ ಇರುವ ತೋಟಗಳಲ್ಲಿ ಮಳೆ ಹಿಡಿದ ದಿನಗಳಲ್ಲಿ ದೀಪದ ಸುತ್ತ ದೊಡ್ಡದಾದ, ಹಳದಿ ಮಿಶ್ರಿತ ಕಂದು ಬಣ್ಣದ, ರೆಕ್ಕೆಯ ಮೇಲೆ ಅಲೆಯಂತಹ ಗೆರೆಗಳಿರುವ ಪತಂಗಗಳು ಬರುತ್ತವೆ. ಮಣ್ಣಿನೊಳಗಿನ ಕೋಶದಿಂದ ಜೂನ್–ಜುಲೈಯಲ್ಲಿ ಎದ್ದುಬರುವ ಇವು ನೆರಳಿನ ಮರದ ಎಲೆಗಳ ಅಡಿಯಲ್ಲಿ ಗುಂಪಾಗಿ ಮೊಟ್ಟೆಯಿಡುತ್ತವೆ. ಮರಿಹುಳುಗಳು ಗುಂಪುಗುಂಪಾಗಿ ಬೆಳೆದು, ಬಲಿತ ಮೇಲೆ ನೂಲು ಬಿಟ್ಟುಕೊಂಡು ಕೆಳಗಿನ ಏಲಕ್ಕಿಗೆ ಇಳಿಯುತ್ತವೆ. ಆಗ ನಾವು ‘ಕಂಬಳಿಹುಳು ಬಿತ್ತು’ ಎಂದು ಗಾಬರಿಯಾಗುತ್ತೇವೆ. ಅಸಲಿಗೆ ಅದು ಬಂದದ್ದು ಮಳೆ ಹಿಡಿದಾಗಲೇ. ಆ ಸಂಜೆಗಳಲ್ಲಿ ನೀರು, ಸ್ವಲ್ಪ ಸೀಮೆಎಣ್ಣೆ ಹಾಕಿದ ಅಗಲ ಪಾತ್ರೆಯ ಮೇಲೆ ದೀಪ ತೂಗಿಟ್ಟರೆ ಮೊಟ್ಟೆಯಿಡುವ ಮೊದಲೇ ಬಹಳಷ್ಟು ಪತಂಗಗಳು ಬೀಳುತ್ತವೆ. ಆಮೇಲೆ ಮರದ ಬೊಡ್ಡೆಯಲ್ಲಿ ಗುಂಪಾಗಿ ಕುಳಿತ ಎಳೆ ಹುಳುಗಳನ್ನು ಅಲ್ಲೇ ತೊಡೆದುಹಾಕಬಹುದು.

ಕಾಫಿ, ಅಡಿಕೆ, ತೆಂಗು, ಮಾವು ಎಲ್ಲದರ ಮೇಲೂ ಕಾಣುವ ಇನ್ನೊಂದು ಹಸಿರು ಹುಳುವಿದೆ. ಗಿಡ್ಡಗೆ ದಪ್ಪಗಿದ್ದು, ಕಾಲು ಕಾಣದಂತೆ ಜಾರುತ್ತ ಹೋಗುತ್ತದೆ. ಮೈಮೇಲೆ ಮುಳ್ಳಿನ ಗೊಂಚಲುಗಳು. ಮುಟ್ಟಿದರೆ ತುರಚಿ ಸೊಪ್ಪು ತಾಗಿದಂತೆ ಉರಿಯುತ್ತದೆ. ಇದು ಕಾಂಡದ ಮೇಲೆ ಗಟ್ಟಿಯಾದ, ಮೊಟ್ಟೆಯಾಕಾರದ ಕಂದು ಗೂಡು ಕಟ್ಟುತ್ತದೆ. ಅದರಿಂದ ಬರುವುದು ಹಸಿರು ರೆಕ್ಕೆಗೆ ಕಂದು ಅಂಚಿರುವ ಚಿಕ್ಕ ಪತಂಗ.

ಇಂತಹ ಹುಳು ತಾಗಿದವರು ಆ ಜಾಗವನ್ನು ಉಜ್ಜಬಾರದು. ಅಂಟುವ ಟೇಪನ್ನು ಮೆಲ್ಲನೆ ಒತ್ತಿ ಎತ್ತಿದರೆ ರೋಮಗಳು ಬರುತ್ತವೆ. ಬಳಿಕ ಸೋಪಿನಿಂದ ತೊಳೆಯಬೇಕು. ಕಣ್ಣಿಗೆ ಬಿದ್ದರೆ, ಮುಖ ಊದಿದರೆ, ಉಸಿರಾಟಕ್ಕೆ ತೊಂದರೆಯಾದರೆ ಕೂಡಲೇ ಡಾಕ್ಟರ ಬಳಿ ಕರೆದೊಯ್ಯಬೇಕು. ಆಳುಗಳ ವಿಷಯದಲ್ಲಿ ಇದನ್ನು ಉದಾಸೀನ ಮಾಡಬಾರದು.

ಹೆದರಬೇಕಾಗಿಲ್ಲದವು

ಕಾಫಿ ಗಿಡದಲ್ಲಿ ಒಮ್ಮೊಮ್ಮೆ ಬೆರಳುದ್ದದ, ನುಣುಪಾದ ಹಸಿರು ಹುಳು ಕಾಣುತ್ತದೆ. ಬಾಲದ ಕಡೆ ಮುಳ್ಳಿನಂತಹ ಒಂದು ಕೊಂಬು. ಅದನ್ನು ಕಂಡು ಕೆಲಸದವರು ಹಿಂದೆ ಸರಿಯುತ್ತಾರೆ. ಆದರೆ ಆ ಕೊಂಬು ಚುಚ್ಚುವುದಿಲ್ಲ, ಅದರಲ್ಲಿ ವಿಷವೂ ಇಲ್ಲ. ಇದರ ಪತಂಗ ರಾತ್ರಿಯದಲ್ಲ. ಹಗಲಿನಲ್ಲೇ ಹೂವಿನೆದುರು ಗಾಳಿಯಲ್ಲಿ ನಿಂತು ಮಧು ಹೀರುತ್ತದೆ. ಗಾಜಿನಂತಹ ರೆಕ್ಕೆ, ದಪ್ಪ ಮೈ. ನೋಡಿದವರು ದೊಡ್ಡ ಜೇನೆಂದೇ ತಿಳಿಯುತ್ತಾರೆ. ಕೋಶದಿಂದ ಬಂದಾಗ ರೆಕ್ಕೆಯ ಮೇಲೆ ಪುಡಿಯಿದ್ದು, ಮೊದಲ ಹಾರಾಟದಲ್ಲಿ ಉದುರಿಹೋಗಿ ರೆಕ್ಕೆ ಪಾರದರ್ಶಕವಾಗುತ್ತದೆ. ಇಲ್ಲೊಂದು ಅಲ್ಲೊಂದು ಇದ್ದರೆ ಔಷಧಿಯ ಅಗತ್ಯವಿಲ್ಲ.

ಹುಳುವಿನ ಬೆನ್ನ ಮೇಲೆ ಅಕ್ಕಿಕಾಳಿನಂತಹ ಸಣ್ಣ ಬಿಳಿ ಗೂಡುಗಳು ಅಂಟಿಕೊಂಡಿದ್ದರೆ ಅವು ಆ ಹುಳುವಿನ ಮೊಟ್ಟೆಗಳಲ್ಲ. ಹುಳುವಿನ ಮೈಯೊಳಗೇ ಬೆಳೆದು ಅದನ್ನು ಕೊಲ್ಲುವ ಪುಟ್ಟ ಕಣಜಗಳ ಗೂಡು ಅವು. ಅಂತಹ ಹುಳುವನ್ನು ಹೊಸಕಬೇಡಿ. ಅಂಥವು ಹೆಚ್ಚಾಗಿ ಕಂಡ ಕಡೆ ಔಷಧಿ ಹೊಡೆದರೆ ಸಂಬಳವಿಲ್ಲದೆ ದುಡಿಯುವ ಆಳುಗಳನ್ನು ನಾವೇ ಕೊಂದಂತೆ. ಹಿಂದೆ ಹುಳು ಎಂದೊಡನೆ ಎಂಡೋಸಲ್ಫಾನ್ ಎನ್ನುವ ರೂಢಿಯಿತ್ತು. 2011ರ ಮೇ ತಿಂಗಳಲ್ಲಿ ಸುಪ್ರೀಂ ಕೋರ್ಟು ಅದನ್ನು ತಡೆದದ್ದು ಎಲ್ಲರಿಗೂ ಗೊತ್ತಿದೆ. ಔಷಧಿ ಬದಲಾದಂತೆ ನಮ್ಮ ರೂಢಿಯೂ ಬದಲಾಗಬೇಕು.

ಸಾಕಿ ನೋಡುವುದು

ಎಷ್ಟು ಓದಿದರೂ ಕೆಲವು ಹುಳುಗಳ ಗುರುತು ಸಿಗುವುದಿಲ್ಲ. ಆಗ ಇರುವ ನಂಬಿಗಸ್ತ ಉಪಾಯವೆಂದರೆ ಸಾಕಿ ನೋಡುವುದು. ಅಗಲ ಬಾಯಿಯ ಹಾರ್ಲಿಕ್ಸ್ ಬಾಟಲಿಯ ತಳಕ್ಕೆ ಎರಡು ಅಂಗುಲ ತೇವದ ಮಣ್ಣು ಹಾಕಿ, ಹುಳು ಸಿಕ್ಕ ಗಿಡದ ಸೊಪ್ಪನ್ನೇ ದಿನವೂ ಹೊಸದಾಗಿ ಕೊಡಿ. ಬೇರೆ ಸೊಪ್ಪು ಹಾಕಿದರೆ ಹಲವು ಹುಳುಗಳು ಉಪವಾಸ ಸಾಯುತ್ತವೆ. ಬಾಯಿಗೆ ತೆಳು ಬಟ್ಟೆ ಕಟ್ಟಿ, ಹಿಕ್ಕೆ ತೆಗೆಯುತ್ತಿರಿ, ಬಿಸಿಲಿಗೆ ಇಡಬೇಡಿ. ತಿನ್ನುವುದು ಬಿಟ್ಟು ಅಲುಗಾಡದೆ ಕುಳಿತರೆ ಪೊರೆ ಬಿಡುತ್ತಿರಬಹುದು, ಮುಟ್ಟಬೇಡಿ. ಪತಂಗ ಹೊರಬಂದಾಗ ಹತ್ತಿ ರೆಕ್ಕೆ ಬಿಚ್ಚಲು ಒಂದು ಒರಟು ಕಡ್ಡಿ ಒಳಗಿರಲಿ. ಬಾಟಲಿಯ ಮೇಲೆ ತಾರೀಖು, ಗಿಡ, ತೋಟದ ಜಾಗ ಬರೆದಂಟಿಸಿ. ಹುಳು, ಗೂಡು, ಪತಂಗ ಮೂರರ ಚಿತ್ರವನ್ನೂ ಪಕ್ಕದಲ್ಲೊಂದು ನಾಣ್ಯವಿಟ್ಟು ಮೊಬೈಲಿನಲ್ಲಿ ತೆಗೆದಿಡಿ. ಪತಂಗದ ಬದಲು ಕಣಜ ಹೊರಬಂದರೆ ಅದನ್ನೂ ಬರೆದಿಡಿ, ಅದೂ ತಿಳಿವಳಿಕೆಯೇ.

ಇದು ತೋಟದವರಿಂದ ಆಗದ ಕೆಲಸವೆಂದು ಯಾರೂ ತಿಳಿಯಬಾರದು. ಭಾರತದ ಪತಂಗಗಳ ಬಗ್ಗೆ 1892ರಿಂದ 1896ರವರೆಗೆ ನಾಲ್ಕು ಸಂಪುಟ ಬರೆದ ಜಾರ್ಜ್ ಹ್ಯಾಂಪ್ಸನ್ ನೀಲಗಿರಿಯಲ್ಲಿ ಚಹಾ ತೋಟ ನೋಡಿಕೊಳ್ಳುತ್ತಿದ್ದವರು. ಕೊಂಬಿನ ಹುಳುಗಳ ಕುಲದ ಬಗ್ಗೆ 1937ರಲ್ಲಿ ಬಂದ ಸಂಪುಟದ ಕರ್ತೃಗಳಲ್ಲಿ ಒಬ್ಬರಾದ ಟಿ. ಆರ್. ಬೆಲ್ ನಮ್ಮ ಉತ್ತರ ಕನ್ನಡದಲ್ಲಿ ಅರಣ್ಯಾಧಿಕಾರಿಯಾಗಿದ್ದು, ಕಾರವಾರದಲ್ಲಿ ನೆಲೆಸಿ, ಹುಳುಗಳನ್ನು ಸಾಕಿ ಸಾಕಿಯೇ ಯಾವ ಹುಳು ಯಾವ ಪತಂಗವೆಂದು ತಿಳಿದವರು.

ಸಾಕಿಯೂ ಹೆಸರು ತಿಳಿಯದಿದ್ದರೆ ಕಾಫಿಯ ವಿಷಯಕ್ಕೆ ಬಾಳೆಹೊನ್ನೂರಿನ ಕೇಂದ್ರ ಕಾಫಿ ಸಂಶೋಧನಾ ಸಂಸ್ಥೆ, ಅಡಿಕೆಯ ವಿಷಯಕ್ಕೆ ವಿಟ್ಲದ ಸಂಶೋಧನಾ ಕೇಂದ್ರ ನಮಗೆ ಹತ್ತಿರದಲ್ಲೇ ಇವೆ. ಔಷಧಿಯ ಹೆಸರು, ಪ್ರಮಾಣಗಳನ್ನು ಅಲ್ಲಿಯ ತಜ್ಞರಿಂದಲೇ ಕೇಳಿ ತಿಳಿಯತಕ್ಕದ್ದು.

ಸದಸ್ಯರು ನೆನಪಿಡಬೇಕಾದ ತಿಂಗಳುಗಳು ಇಷ್ಟು: ಮಾರ್ಚ್ ಮತ್ತು ಸೆಪ್ಟೆಂಬರ್, ದುಂಬಿ ಹಾರುವ ಮೊದಲು ಬಿಳಿ ಬೋರರ್ ಟ್ರೇಸಿಂಗ್, ಜೂನ್, ಮಳೆ ಹಿಡಿದೊಡನೆ ಏಲಕ್ಕಿ ತೋಟದಲ್ಲಿ ದೀಪ, ಕೊನೆಗಾರರು ಮರ ಹತ್ತಿದಾಗಲೆಲ್ಲ ಒಡೆಯದ ಹೊಂಬಾಳೆಯ ತಪಾಸಣೆ, ಬುಡದಲ್ಲಿ ಗುಳಿಗೆ ಹಿಕ್ಕೆ ಕಂಡ ದಿನವೇ ಕೆಂಪು ಬೋರರ್ ರೆಂಬೆಗೆ ಕತ್ತರಿ. ಈ ನಾಲ್ಕರಲ್ಲಿ ಒಂದಕ್ಕೂ ಪಂಪು ಹೊರಬೇಕಾಗಿಲ್ಲ.

— ಕಾರ್ಯದರ್ಶಿ