ಬಾಡಿದ ಗಿಡವೆಲ್ಲ ಬಾಯಾರಿದ ಗಿಡವೇ?

ರಾಯಚೂರಿನ ಬೇಸಗೆಯನ್ನು ಅನುಭವಿಸಿದವರಿಗೆ ಅದರ ವರ್ಣನೆ ಬೇಕಾಗಿಲ್ಲ. ಏಪ್ರಿಲ್, ಮೇ ತಿಂಗಳುಗಳಲ್ಲಿ ಅಲ್ಲಿ ಮಧ್ಯಾಹ್ನದ ಉಷ್ಣತೆ 40 ಡಿಗ್ರಿ ಸೆಲ್ಸಿಯಸನ್ನು ದಾಟುವುದು ಅಪರೂಪವಲ್ಲ. ಅಂತಹ ಒಂದು ಬೇಸಗೆಯಲ್ಲಿ ನಾವು ಹಿತ್ತಲಿನ ಕಟ್ಟೆಯ ಮೇಲೆ, ಎಣ್ಣೆಯ ಹಳೆಯ ತಗಡಿನ ಡಬ್ಬವೊಂದರಲ್ಲಿ ಪುದೀನವನ್ನು ಬೆಳೆಸಿದ್ದೆವು. ಹನ್ನೆರಡು ಗಂಟೆಯಾಯಿತೆಂದರೆ ಅದರ ಎಲೆಗಳು ಜೋತುಬೀಳುತ್ತಿದ್ದವು. ಪಾಪ, ಬಾಯಾರಿತೆಂದು ಒಂದು ತಂಬಿಗೆ ನೀರು ಹೊಯ್ಯುತ್ತಿದ್ದೆವು. ಸಂಜೆಗೆ ಗಿಡ ಚೇತರಿಸಿಕೊಳ್ಳುತ್ತಿತ್ತು. ನಮ್ಮ ಉಪಚಾರ ಫಲಿಸಿತೆಂದು ಹಿಗ್ಗುತ್ತಿದ್ದೆವು. ಮೂರನೆಯ ವಾರದಲ್ಲಿ ಎಲೆಗಳು ಹಳದಿಯಾದವು. ಗಿಡವು ಬೆಳಗಿನಲ್ಲಿಯೂ ತಲೆಯೆತ್ತಲಿಲ್ಲ. ಕಿತ್ತು ನೋಡಿದರೆ ಬೇರುಗಳು ಕಪ್ಪಾಗಿ ಕೊಳೆತು ನಾರುತ್ತಿದ್ದವು. ಕೊಡ ಕೊಡವನ್ನೂ ಲೆಕ್ಕವಿಟ್ಟು ಬಳಸಬೇಕಾದ ದಿನಗಳಲ್ಲಿ, ಆ ನೀರಿನಿಂದಲೇ ನಾವು ಗಿಡವನ್ನು ಕೊಂದಿದ್ದೆವು!

ತರಗತಿಯಲ್ಲಿ ವರ್ಷ ವರ್ಷವೂ ಆವಿಯ ಒತ್ತಡವನ್ನು ಬೋಧಿಸುವ ನಮಗೆ ಇದು ನಾಚಿಕೆಯ ಸಂಗತಿಯೇ ಸರಿ. ಏಕೆಂದರೆ ಪುದೀನವು ಬಾಡಿದುದರ ಕಾರಣ ಆ ಪಾಠದಲ್ಲಿಯೇ ಅಡಗಿತ್ತು.

ಗಾಳಿಯಲ್ಲಿ ನೀರಾವಿಯು ಎಷ್ಟು ಸೇರಬಹುದೆಂಬುದಕ್ಕೆ ಆಯಾ ಉಷ್ಣತೆಯಲ್ಲಿ ಒಂದು ಮಿತಿಯುಂಟು. ಇದನ್ನು ಸಂತೃಪ್ತ ಆವಿಯ ಒತ್ತಡದಿಂದ ಅಳೆಯುತ್ತೇವೆ. 25 ಡಿಗ್ರಿಯಲ್ಲಿ ಇದು ಸುಮಾರು 24 ಮಿಲಿಮೀಟರ್ ಪಾದರಸದಷ್ಟು. 40 ಡಿಗ್ರಿಯಲ್ಲಿ ಸುಮಾರು 55 ಮಿಲಿಮೀಟರ್. ಬೆಳಗಿನ ಜಾವ ಉಷ್ಣತೆ 25 ಡಿಗ್ರಿ, ಗಾಳಿಯಲ್ಲಿರುವ ಆವಿಯ ಒತ್ತಡ 14 ಮಿಲಿಮೀಟರ್ ಎಂದು ಭಾವಿಸೋಣ. ಆಗ ಮಿತಿಗೆ ಉಳಿದ ಕೊರತೆ 10 ಮಿಲಿಮೀಟರ್. ಮಧ್ಯಾಹ್ನ ಆವಿ ಅಷ್ಟೇ ಇದ್ದು ಉಷ್ಣತೆ ಮಾತ್ರ 40 ಡಿಗ್ರಿಗೆ ಏರಿದರೆ ಕೊರತೆಯು 41 ಮಿಲಿಮೀಟರ್ ಆಗುತ್ತದೆ. ಉಷ್ಣತೆ ಏರಿದುದು 15 ಡಿಗ್ರಿ. ಗಾಳಿಯ ದಾಹ ಬೆಳೆದುದು ನಾಲ್ಕು ಪಟ್ಟಿಗೂ ಹೆಚ್ಚು. ಬಾಯಾರಿದುದು ಗಿಡಕ್ಕಿಂತ ಮೊದಲು ಗಾಳಿ!

ಎಲೆಯ ಒಳಭಾಗವು ಸದಾ ತೇವವಾಗಿರುತ್ತದೆ. ಅದರ ಸೂಕ್ಷ್ಮವಾದ ಪತ್ರರಂಧ್ರಗಳ ಮೂಲಕ ಈ ಒಣಗಾಳಿಯು ಆವಿಯನ್ನು ಸೆಳೆದುಕೊಳ್ಳುತ್ತದೆ. ಗಿಡಕ್ಕೆ ಇದರಿಂದ ಲಾಭವೂ ಉಂಟು. ಆವಿಯಾಗುವ ಒಂದೊಂದು ಗ್ರಾಂ ನೀರೂ ಸುಮಾರು 580 ಕ್ಯಾಲರಿ ಶಾಖವನ್ನು ಹೊತ್ತೊಯ್ದು ಎಲೆಯನ್ನು ತಂಪಾಗಿಡುತ್ತದೆ. ಹೋದ ನೀರಿನ ಜಾಗಕ್ಕೆ ಬೇರಿನಿಂದ ನೀರು ಏರಬೇಕು. ನೀರಿನ ಅಣುಗಳು ಒಂದನ್ನೊಂದು ಬಿಗಿಯಾಗಿ ಹಿಡಿದಿರುವುದರಿಂದ ಎಲೆಯ ಎಳೆತವು ಬೇರಿನವರೆಗೆ ತಲಪುತ್ತದೆಂದು ಡಿಕ್ಸನ್ ಮತ್ತು ಜಾಲಿ ಎಂಬ ವಿಜ್ಞಾನಿಗಳು 1894ರಲ್ಲಿ ಪ್ರತಿಪಾದಿಸಿದರು. ಆದರೆ ಬೇರು ಹೀರಬಲ್ಲ ವೇಗಕ್ಕೂ ಒಂದು ಮಿತಿಯಿದೆ. ಮಧ್ಯಾಹ್ನ ಎಲೆಯ ಖರ್ಚು ಬೇರಿನ ವರಮಾನವನ್ನು ಮೀರಿದಾಗ ಜೀವಕೋಶಗಳ ಬಿಗುವು ತಗ್ಗಿ ಎಲೆಯು ಜೋಲುತ್ತದೆ. ಮಣ್ಣು ಹಸಿಯಾಗಿದ್ದರೂ ಹೀಗಾಗಬಹುದು. ಬಿಸಿಲಿಳಿದು ಗಾಳಿಯ ಕೊರತೆ ಕುಗ್ಗಿದೊಡನೆ ಲೆಕ್ಕ ಸರಿಹೋಗಿ ಗಿಡವು ತಾನಾಗಿಯೇ ನೆಟ್ಟಗಾಗುತ್ತದೆ. ನಮ್ಮ ಪುದೀನವು ಸಂಜೆಗೆ ಚೇತರಿಸಿಕೊಂಡದ್ದು ಹೀಗೆ. ತಂಬಿಗೆಯ ನೀರಿಗೂ ಅದಕ್ಕೂ ಸಂಬಂಧವಿರಲಿಲ್ಲ.

ಹಾಗಾದರೆ ಹೆಚ್ಚಿನ ನೀರು ಮಾಡಿದ ಕೇಡೇನು? ಬೇರುಗಳೂ ಉಸಿರಾಡುತ್ತವೆ. ಮಣ್ಣಿನ ಕಣಗಳ ನಡುವಣ ಗಾಳಿಯಿಂದ ಅವಕ್ಕೆ ಆಮ್ಲಜನಕ ದೊರೆಯಬೇಕು. ಆ ಸಂದುಗಳಲ್ಲಿ ನೀರು ತುಂಬಿನಿಂತರೆ ಆಮ್ಲಜನಕವು ಗಾಳಿಯಲ್ಲಿ ಹರಡುವುದಕ್ಕಿಂತ ಸುಮಾರು ಹತ್ತು ಸಾವಿರ ಪಟ್ಟು ನಿಧಾನವಾಗಿ ಹರಡುತ್ತದೆ. ನಮ್ಮ ಡಬ್ಬದ ತಳದಲ್ಲಿ ರಂಧ್ರವೇ ಇರಲಿಲ್ಲ. ಉಸಿರುಕಟ್ಟಿದ ಬೇರು ಕೊಳೆಯಿತು. ಕೊಳೆತ ಬೇರು ನೀರನ್ನು ಹೀರಲಾರದೆ ಗಿಡ ಮತ್ತಷ್ಟು ಬಾಡಿತು. ನಾವು ಮತ್ತಷ್ಟು ನೀರು ಹೊಯ್ದೆವು.

ಆದುದರಿಂದ ನೀರು ಬೇಕೆ ಬೇಡವೆ ಎಂಬುದನ್ನು ಮಧ್ಯಾಹ್ನದ ಎಲೆಯನ್ನು ನೋಡಿ ನಿರ್ಧರಿಸಬಾರದು. ಬೆಳಗಿನ ಮಣ್ಣನ್ನು ಮುಟ್ಟಿ ನಿರ್ಧರಿಸಬೇಕು. ಬೆರಳನ್ನು ಎರಡು ಗೆಣ್ಣಿನಷ್ಟು ಆಳಕ್ಕೆ ಊರಿದಾಗ ತಂಪಾಗಿ ಅಂಟಿದರೆ ಆ ದಿನಕ್ಕೆ ನೀರು ಸಾಕು. ಒಣಗಿದ್ದರೆ, ಬಿಸಿಲೇರುವ ಮೊದಲೇ, ತಳದ ರಂಧ್ರದಿಂದ ತೊಟ್ಟಿಕ್ಕುವವರೆಗೆ ನಿಧಾನವಾಗಿ ಉಣಿಸಬೇಕು. ದಿನವೂ ಮೇಲೆ ಮೇಲೆ ಚಿಮುಕಿಸಿದ ನೀರು ಮೇಲ್ಮಣ್ಣಿನಲ್ಲಿಯೇ ಉಳಿದು, ಕೆಳಗಿನ ಬೇರುಗಳಿಗೆ ಎಟಕುವ ಮೊದಲೇ ಆವಿಯಾಗುತ್ತದೆ.

ಇನ್ನೂ ನಿಖರವಾಗಿ ತಿಳಿಯಬೇಕೆನ್ನುವವರು ತಕ್ಕಡಿಯನ್ನು ಬಳಸಬಹುದು. ಸ್ಟೀಫನ್ ಹೇಲ್ಸ್ ಎಂಬ ಇಂಗ್ಲಿಷ್ ಪಾದ್ರಿಯು ಕುಂಡದಲ್ಲಿದ್ದ ಸೂರ್ಯಕಾಂತಿಯ ಗಿಡವನ್ನು, ಮಣ್ಣಿನಿಂದ ಆವಿ ಹೋಗದಂತೆ ಸೀಸದ ತೆಳುತಗಡಿನಿಂದ ಮುಚ್ಚಿ, ಬೆಳಗ್ಗೆ ಸಂಜೆ ತೂಗಿ, ಎಲೆಗಳಿಂದ ಹೋದ ನೀರನ್ನು ಲೆಕ್ಕಹಾಕಿದನು. ಆ ಪ್ರಯೋಗಗಳ ಗ್ರಂಥ 1727ರಲ್ಲಿ ಪ್ರಕಟವಾಯಿತು. ಸೀಸದ ಬದಲು ಪ್ಲಾಸ್ಟಿಕ್ ಹಾಳೆಯನ್ನು ಕಟ್ಟಿ ವಿದ್ಯಾರ್ಥಿಗಳು ಇದನ್ನು ಮನೆಯಲ್ಲಿಯೇ ಮಾಡಬಹುದು. ತೂಕ 200 ಗ್ರಾಂ ಇಳಿದಿದ್ದರೆ ಗಿಡವು ಹೆಚ್ಚುಕಡಿಮೆ 200 ಮಿಲಿಲೀಟರ್ ನೀರನ್ನು ವ್ಯಯಿಸಿದೆಯೆಂದರ್ಥ. ಇಡೀ ದಿನ ಬಿಸಿಲಿನಲ್ಲಿಟ್ಟ ಕುಂಡವನ್ನೂ ಮಧ್ಯಾಹ್ನ ನೆರಳಿನಲ್ಲಿಟ್ಟ ಕುಂಡವನ್ನೂ ಹೀಗೆ ಹೋಲಿಸಿದರೆ, ನೆರಳೂ ಒಂದು ಬಗೆಯ ನೀರೇ ಎಂಬುದು ಮನದಟ್ಟಾಗುತ್ತದೆ.

ಕುಂಡದ ವಿಷಯದಲ್ಲಿಯೂ ಭೌತವಿಜ್ಞಾನ ನೆರವಾಗುತ್ತದೆ. ಮಣ್ಣಿನ ಕುಂಡವು ಹೂಜಿಯಂತೆ ಮೈಯೆಲ್ಲ ಒಸರಿ ಬೇರನ್ನು ತಂಪಾಗಿಡುತ್ತದೆ. ಆದರೆ ಬೇಗ ಒಣಗುತ್ತದೆ. ತಗಡು ನೀರನ್ನು ಬಿಡದು. ಆದರೆ ಬಿಸಿಲಿಗೆ ಕಾದು ಬೇರನ್ನು ಬೇಯಿಸುತ್ತದೆ. ಮಣ್ಣಿನ ಕುಂಡವನ್ನೇ ಆರಿಸಿ, ಮೇಲೆ ಒಣಹುಲ್ಲು ಅಥವಾ ತರಗೆಲೆಗಳನ್ನು ಎರಡು ಅಂಗುಲ ಹೊದಿಸುವುದು ಲೇಸು.

ಎಲೆಯ ಮೇಲಿನ ಹನಿಯು ಭೂತಗನ್ನಡಿಯಂತೆ ಬಿಸಿಲನ್ನು ಕೇಂದ್ರೀಕರಿಸಿ ಎಲೆಯನ್ನು ಸುಡುತ್ತದೆಂದು ಕೆಲವರು ಅಂಜುವುದುಂಟು. 2010ರಲ್ಲಿ ಹಂಗೆರಿಯ ಸಂಶೋಧಕರು ಇದನ್ನು ಪರೀಕ್ಷಿಸಿದರು. ನುಣುಪಾದ ಎಲೆಯ ಮೇಲೆ ಹನಿಯು ಚಪ್ಪಟೆಯಾಗುವುದರಿಂದ, ನೆತ್ತಿಯ ಬಿಸಿಲು ಒಂದುಗೂಡುವ ಬಿಂದು ಎಲೆಗಿಂತ ಕೆಳಗೆ ಬೀಳುತ್ತದೆ, ಎಲೆ ಸುಡುವುದಿಲ್ಲ. ರೋಮಗಳು ಹನಿಯನ್ನು ಮೇಲೆತ್ತಿ ಹಿಡಿಯುವ ಎಲೆಗಳಲ್ಲಿ ಮಾತ್ರ ಆ ಅಪಾಯ ಕಂಡುಬಂದಿತು.

ಎಲ್ಲ ಗಿಡಗಳಿಗೂ ಒಂದೇ ಅಳತೆ ಸಲ್ಲದು. ಪುದೀನಕ್ಕೆ ಅರೆನೆರಳೂ ಸದಾ ತೇವವೂ ಬೇಕು. ಕೊತ್ತಂಬರಿಯು ಸೆಕೆಗೆ ಬೇಗ ಹೂವೇರುವುದರಿಂದ, ಬೀಜವನ್ನು ಎರಡು ಹೋಳಾಗುವಂತೆ ಉಜ್ಜಿ, ನೆರಳಿನಲ್ಲಿ ಸ್ವಲ್ಪ ಸ್ವಲ್ಪವಾಗಿ ಬಿತ್ತುತ್ತಿರಬೇಕು. ದೊಡ್ಡಪತ್ರೆಯು ದಪ್ಪ ಎಲೆಗಳಲ್ಲಿಯೇ ನೀರನ್ನು ಕೂಡಿಟ್ಟುಕೊಳ್ಳುತ್ತದೆ. ಅದಕ್ಕೆ ಮಣ್ಣು ಒಣಗಿದ ಮೇಲೆಯೇ ನೀರು. ನೆಲದಲ್ಲಿ ಬೇರೂರಿದ ಕರಿಬೇವು ಇವೆಲ್ಲಕ್ಕಿಂತ ಗಟ್ಟಿ.

ಈಗ ನಮ್ಮ ಹಿತ್ತಲಿನ ಕರಿಬೇವಿನ ನೆರಳಿನಲ್ಲಿ, ಮಣ್ಣಿನ ಕುಂಡದಲ್ಲಿ, ಮತ್ತೊಂದು ಪುದೀನ ಬೆಳೆಯುತ್ತಿದೆ. ಕಡುಬಿಸಿಲಿನ ದಿನ ಮಧ್ಯಾಹ್ನ ಅದೂ ಕೊಂಚ ಬಾಡುತ್ತದೆ. ಮೊದಲು ಮಣ್ಣಿಗೆ ಬೆರಳಿಟ್ಟು ನೋಡುತ್ತೇವೆ; ತೇವವಿದ್ದರೆ ತಂಬಿಗೆಯನ್ನು ಕೆಳಗಿಟ್ಟು ಸಂಜೆಯವರೆಗೆ ಕಾಯುತ್ತೇವೆ.