ಗೆದ್ದ ಕುದುರೆಯ ಒಡತಿ

ಗೆದ್ದ ಕುದುರೆಯ ಹೆಸರು ಲೋಕಕ್ಕೆಲ್ಲ ತಿಳಿಯುತ್ತದೆ. ಅದರ ಒಡೆಯರ ಮನೆಯೊಳಗಿನ ಕಥೆ ತಿಳಿಯುವುದು ಅಪರೂಪ. ಅಮೆರಿಕೆಯ ‘ಸೆಕ್ರೆಟೇರಿಯಟ್’ ಕುದುರೆಯ ಒಡತಿ ಪೆನಿ ಚೆನರಿಯ ಬಾಳನ್ನು ನೆನೆದಾಗಲೆಲ್ಲ ನನಗೆ ಈ ಮಾತು ತೋರುತ್ತದೆ.

1922ರಲ್ಲಿ ಹುಟ್ಟಿದ ಈಕೆ ಸ್ಮಿತ್ ಕಾಲೇಜಿನಲ್ಲಿ ಓದಿದವಳು. ಮಹಾಯುದ್ಧದಲ್ಲಿ ರೆಡ್ ಕ್ರಾಸ್ ಸೇವೆಗೆಂದು ಯೂರೋಪಿಗೆ ಹೋಗಿಬಂದವಳು. 1949ರಲ್ಲಿ ಜಾನ್ ಟ್ವೀಡಿ ಎಂಬ ವಕೀಲನ ಕೈಹಿಡಿದು, ಡೆನ್ವರಿನಲ್ಲಿ ನಾಲ್ವರು ಮಕ್ಕಳ ತಾಯಿಯಾಗಿ ಸಂಸಾರ ನಡೆಸಿದಳು. ಅತ್ತ ವರ್ಜೀನಿಯಾದಲ್ಲಿ ತಂದೆ ಕ್ರಿಸ್ಟೊಫರ್ ಚೆನರಿ ಕಟ್ಟಿದ್ದ ‘ಮೆಡೊ’ ಕುದುರೆಲಾಯ, ಆತ ಕಾಯಿಲೆ ಬಿದ್ದ ಮೇಲೆ ನಷ್ಟಕ್ಕಿಳಿಯಿತು. ಒಡಹುಟ್ಟಿದವರು ಮಾರಿಬಿಡೋಣವೆಂದರು. ಈಕೆ ಒಪ್ಪಲಿಲ್ಲ. ಅಂದಿನಿಂದ ಆಕೆಯ ಬದುಕು ಗಂಡನ ಮನೆಗೂ ತಂದೆಯ ಲಾಯಕ್ಕೂ ನಡುವೆ ಎರಡಾಗಿ ಹಂಚಿಹೋಯಿತು.

1972ರಲ್ಲಿ ‘ರಿವಾ ರಿಡ್ಜ್’ ಎಂಬ ಕುದುರೆ ಕೆಂಟಕಿ ಡರ್ಬಿಯನ್ನು ಗೆದ್ದು, ಹಾಸಿಗೆ ಹಿಡಿದ ತಂದೆಯ ಬಹುಕಾಲದ ಆಸೆಯನ್ನು ಸಲ್ಲಿಸಿತು. 1973ರ ಜನವರಿಯಲ್ಲಿ ತಂದೆ ತೀರಿಕೊಂಡಾಗ ಮರಣತೆರಿಗೆಯ ಹೊರೆ ಬಿತ್ತು. ಆಕೆ ಸೆಕ್ರೆಟೇರಿಯಟ್ಟಿನ ಸಂತಾನದ ಹಕ್ಕನ್ನು 32 ಪಾಲು ಮಾಡಿ, ಪಾಲೊಂದಕ್ಕೆ 1,90,000 ಡಾಲರಿನಂತೆ ಮಾರಿದಳು. ಕುದುರೆ ಆ ಬೆಲೆಗೆ ತಕ್ಕುದೆಂದು ಇನ್ನೂ ಸಿದ್ಧವಾಗಿರಲಿಲ್ಲ. ಜೂನ್ 9ರಂದು ಬೆಲ್ಮಾಂಟಿನ ಒಂದೂವರೆ ಮೈಲಿಯನ್ನು ಅದು 2 ನಿಮಿಷ 24 ಸೆಕೆಂಡಿನಲ್ಲಿ ಓಡಿತು. ಎರಡನೆಯದು 31 ಕುದುರೆಯುದ್ದ ಹಿಂದಿತ್ತು. 1948ರ ಅನಂತರ ಯಾರಿಗೂ ದಕ್ಕದಿದ್ದ ತ್ರಿವಳಿ ಕಿರೀಟ ಹೀಗೆ ದಕ್ಕಿತು.

ಮರುವರ್ಷ, 1974ರಲ್ಲಿ, ಇಪ್ಪತ್ತೈದು ವರ್ಷದ ದಾಂಪತ್ಯ ವಿಚ್ಛೇದನದಲ್ಲಿ ಮುಗಿಯಿತು. 2010ರಲ್ಲಿ ಬಂದ ಚಲನಚಿತ್ರವಾದರೋ ಗಂಡಹೆಂಡಿರನ್ನು ಒಂದುಗೂಡಿಸಿಯೇ ಕಥೆಗೆ ಮಂಗಳ ಹಾಡಿತು. ಚಿತ್ರಕ್ಕೆ ಆ ಮಂಗಳ ಬೇಕಿತ್ತೇನೋ. ಬಾಳು ಅದನ್ನು ಕೊಟ್ಟಿರಲಿಲ್ಲ.

ತಪ್ಪು ಯಾರದೆಂದು ತೀರ್ಪು ಕೊಡಲು ನಾನು ಹೊರಟಿಲ್ಲ. ಗಂಡಸು ವ್ಯವಹಾರಕ್ಕಾಗಿ ಊರೂರು ಅಲೆದರೆ ಅದು ಉದ್ಯೋಗ. ಹೆಂಗಸು ಅಲೆದರೆ ಮನೆ ಬಿಟ್ಟಳೆಂಬ ಮಾತು. ಈ ತಕ್ಕಡಿ ಡೆನ್ವರಿನಲ್ಲಿಯೂ ಸಮವಾಗಿರಲಿಲ್ಲವೆಂದಷ್ಟೇ ಹೇಳಬಲ್ಲೆ. ಮಗಳಾಗಿ ಹೊತ್ತ ಹೊಣೆಯನ್ನು ಆಕೆ ಪೂರ್ಣವಾಗಿ ಹೊತ್ತಳು. ಅದಕ್ಕೆ ತೆತ್ತ ಬೆಲೆಯನ್ನು ಯಾವ ಪಂದ್ಯದ ದಫ್ತರವೂ ಬರೆದಿಡಲಿಲ್ಲ.

1973ರಲ್ಲಿ ಪತ್ರಿಕೆಗಳು ಆಕೆಯನ್ನು ಶ್ರೀಮತಿ ಟ್ವೀಡಿ ಎಂದು ಕರೆದವು. 2017ರಲ್ಲಿ, 95ನೆಯ ವಯಸ್ಸಿನಲ್ಲಿ, ಆಕೆ ತೀರಿಕೊಂಡಾಗ ಅವೇ ಬರೆದ ಹೆಸರು ಪೆನಿ ಚೆನರಿ.