ಗಾಲಿಕುರ್ಚಿಯ ಮಗಳಿಗೂ ಕನ್ನಡಿ ಬೇಕು

ಮನೆಯಲ್ಲಿ ಮಂಗಳಕಾರ್ಯ ಒದಗಿತೆಂದರೆ ಹೆಣ್ಣುಮಕ್ಕಳಿಗೆಲ್ಲ ಹೊಸ ಸೀರೆ, ಬಳೆ, ಹೂವು. ಆದರೆ ಅದೇ ಮನೆಯಲ್ಲಿ ನಡೆಯಲಾರದ ಮಗಳೊಬ್ಬಳಿದ್ದರೆ, “ಇವಳಿಗೇಕೆ ಅಲಂಕಾರ? ನೋಡುವವರಾರು?” ಎಂಬ ಮಾತು ಕರುಣೆಯ ಮುಸುಕು ಹೊದ್ದು ಹೊರಬೀಳುತ್ತದೆ. ತ್ಯಾವಣಿಗೆಯಂತಹ ಊರಾಗಲಿ, ಬೆಂಗಳೂರಿನಂತಹ ನಗರವಾಗಲಿ, ಆ ಮಾತು ಕೊಡುವ ನೋವು ಒಂದೇ. ಕಾಲಿನ ಶಕ್ತಿಯನ್ನು ಕಸಿದುಕೊಂಡದ್ದು ರೋಗವೋ ಅಪಘಾತವೋ ಇರಬಹುದು. ಆತ್ಮವಿಶ್ವಾಸವನ್ನು ಕಸಿದುಕೊಳ್ಳುವವರು ಮಾತ್ರ ನಾವೇ.

ಬೆಂಗಳೂರಿನ ದಂತವೈದ್ಯೆ ಡಾ. ಎಸ್. ಜೆ. ರಾಜಲಕ್ಷ್ಮಿಯವರು 2007ರಲ್ಲಿ ಕಾರು ಅಪಘಾತಕ್ಕೆ ಈಡಾಗಿ ಬೆನ್ನುಹುರಿಗೆ ಪೆಟ್ಟು ಬಿದ್ದು ಗಾಲಿಕುರ್ಚಿಯನ್ನು ಆಶ್ರಯಿಸಬೇಕಾಯಿತು. ಅವರು ಅಧ್ಯಯನವನ್ನು ಕೈಬಿಡಲಿಲ್ಲ, ಅಲಂಕಾರವನ್ನೂ ಕೈಬಿಡಲಿಲ್ಲ. 2014ರಲ್ಲಿ ‘ಮಿಸ್ ವೀಲ್‌ಚೇರ್ ಇಂಡಿಯಾ’ ಕಿರೀಟ ಧರಿಸಿದರು. 2017ರ ಅಕ್ಟೋಬರಿನಲ್ಲಿ ಪೋಲೆಂಡಿನ ವಾರ್ಸಾ ನಗರದಲ್ಲಿ ನಡೆದ ಮೊದಲ ವಿಶ್ವಸ್ಪರ್ಧೆಯಲ್ಲಿ ಭಾರತವನ್ನು ಪ್ರತಿನಿಧಿಸಿ ಜನಪ್ರಿಯತೆಯ ಪ್ರಶಸ್ತಿ ಪಡೆದರು. ಎಲ್ಲರಿಗೂ ಕಿರೀಟ ಬೇಕಿಲ್ಲ. ಜನರು ಕುರ್ಚಿಯನ್ನಲ್ಲ, ಅದರಲ್ಲಿ ಕುಳಿತ ವ್ಯಕ್ತಿಯನ್ನು ಮೊದಲು ಕಾಣಬೇಕು, ಅಷ್ಟೇ ಅಪೇಕ್ಷೆ.

ಕುಳಿತವರ ಉಡುಪಿಗೆ ತನ್ನದೇ ಆದ ಕ್ರಮವಿದೆ. ನಿಂತ ಅಳತೆಗೆ ಹೊಲಿದ ಬಟ್ಟೆ ಕುಳಿತಾಗ ಮುಂದೆ ಮುದುಡಿ, ಹಿಂದೆ ಜಾರುತ್ತದೆ. ಆದುದರಿಂದ ದರ್ಜಿಯು ಕುಳಿತ ಭಂಗಿಯಲ್ಲಿಯೇ ಅಳತೆ ತೆಗೆದುಕೊಳ್ಳಬೇಕು. ಜೋಲುವ ಸೆರಗು ಗಾಲಿಗೆ ಸಿಕ್ಕಿದರೆ ಅಪಾಯ. ಅದನ್ನು ಭುಜಕ್ಕೆ ಪಿನ್ನು ಹಾಕಿ, ತುದಿಯನ್ನು ಮಡಿಲಿಗೆ ಸೇರಿಸುವುದು ಲೇಸು. ಬೆನ್ನುಹುರಿಗೆ ಪೆಟ್ಟಾದವರಿಗೆ ಸ್ಪರ್ಶಜ್ಞಾನ ಕುಂದಿರಬಹುದು. ಅಂಥವರು ಕುಳಿತುಕೊಳ್ಳುವ ಭಾಗದಲ್ಲಿ ದಪ್ಪ ಹೊಲಿಗೆ, ಲೋಹದ ಗುಂಡಿ, ಜರಿಯ ಗಂಟು ಇದ್ದರೆ ಅರಿವಿಗೆ ಬಾರದೆಯೇ ಒತ್ತಡದ ಹುಣ್ಣಾಗುತ್ತದೆ. ಎಷ್ಟೇ ಸಂಭ್ರಮವಿರಲಿ, 15ರಿಂದ 30 ನಿಮಿಷಕ್ಕೊಮ್ಮೆ ಭಾರ ಬದಲಿಸಿ ಕುಳಿತುಕೊಳ್ಳಬೇಕು. ಸೌಂದರ್ಯಕ್ಕಾಗಿ ಆರೋಗ್ಯವನ್ನು ಒತ್ತೆಯಿಡಬಾರದು.

ಇನ್ನು ಮನೆಯವರ ಕರ್ತವ್ಯ. ಗೋಡೆಯ ಕನ್ನಡಿಯನ್ನು ಕುಳಿತವಳ ಕಣ್ಣಿನ ಮಟ್ಟಕ್ಕೆ ಇಳಿಸಿರಿ. ಸೀರೆಯ ಬಣ್ಣವನ್ನು ಅವಳೇ ಆರಿಸಲಿ. ಅಂಗಡಿಯವನು ಅವಳ ವಿಷಯವನ್ನು ನಿಮ್ಮೊಡನೆ ಮಾತನಾಡಿದರೆ, “ಅವಳನ್ನೇ ಕೇಳಿರಿ” ಎನ್ನಿರಿ. ಹೊಸ್ತಿಲಿಗೆ, ಮೆಟ್ಟಿಲಿಗೆ ಇಳಿಜಾರು ಕಟ್ಟಿಸಿರಿ. 1 ಅಡಿ ಎತ್ತರಕ್ಕೆ 12 ಅಡಿ ಉದ್ದವಿದ್ದರೆ ಕುರ್ಚಿ ಸುಗಮವಾಗಿ ಇಳಿಯುತ್ತದೆ. ಅಣಿಯಾದ ಮಗಳು ಒಳಮನೆಯಲ್ಲಿಯೇ ಉಳಿದರೆ ಆ ಅಲಂಕಾರಕ್ಕೆ ಅರ್ಥವೇನು?

ಮುಂದಿನ ಮಂಗಳಕಾರ್ಯದಲ್ಲಿ ಅವಳ ಕುರ್ಚಿ ಕಂಬದ ಮರೆಯಲ್ಲಿರದೆ ಮೊದಲ ಸಾಲಿನಲ್ಲಿರಲಿ.